ಅಲ್ಲೇನೂ ಇಲ್ಲ, ಡಿಯರ್

ಸದ್ದುಗಳಿಗೆ ಹೆಸರಿಡುವುದು ನನ್ನ ಈಗಿನ ಕಸುಬು. ಕಿವಿ ಕೇಳದವರು ಸಿನಿಮಾ ನೋಡುವಾಗ ಪರದೆಯ ಕೆಳಗೆ ಮಾತಿನ ಜೊತೆಗೆ ‘ದೂರದಲ್ಲಿ ಗುಡುಗು’, ‘ಬಾಗಿಲು ಕಿರುಗುಟ್ಟುತ್ತದೆ’, ‘ನಾಯಿ ಒಮ್ಮೆ ಬೊಗಳಿ ಸುಮ್ಮನಾಗುತ್ತದೆ’ ಎಂದೆಲ್ಲ ಇಂಗ್ಲಿಷಿನಲ್ಲಿ ಬರುತ್ತದಲ್ಲ, ಆ ಕ್ಯಾಪ್ಷನ್ ಬರೆಯುವವರಲ್ಲಿ ನಾನೂ ಒಬ್ಬ. ಅಡಿಲೇಡಿನ ಪ್ರಾಸ್ಪೆಕ್ಟಿನಲ್ಲಿ ನನ್ನ ಬಾಡಿಗೆ ಮನೆಯ ಹಿಂದಿನ ಕೋಣೆಯೇ ಆಫೀಸು. ಇದಕ್ಕೆ ಮುಂಚೆ, ಬೇರೆಯವರು ಬರೆದ ಸಾಫ್ಟ್‌ವೇರಿನಲ್ಲಿ ತಪ್ಪು ಹುಡುಕುವ ಕೆಲಸದಲ್ಲಿದ್ದೆ. ಒಂದು ದಿನ ಕಂಪನಿಯವರಿಗೆ ನಾನೇ ಒಂದು ತಪ್ಪೆಂದು ಹೊಳೆದು ತಿದ್ದಿಕೊಂಡರು.

ಕಳವಳ ನನಗೆ ಹುಟ್ಟಿನಿಂದಲೇ ಅಂಟಿದ್ದು. ಬೀದಿಯ ಕೊನೆಯವರೆಗೆ ಹೋದವನು ಒಲೆ ಆರಿಸಿದೆನೋ ಇಲ್ಲವೋ ಎಂದು ಹಿಂದಿರುಗಿ ಬರುತ್ತೇನೆ. ಒಲೆ ಆರಿರುತ್ತದೆ, ಬಾಗಿಲು ಹಾಕುವುದನ್ನು ಮರೆತು ಹೊರಡುತ್ತೇನೆ. ನನ್ನ ಹೆಂಡತಿಯಾಗಿದ್ದಾಕೆ ಬಿಟ್ಟು ಹೋಗುವಾಗ, “ನಿನ್ನ ಜೊತೆ ಬಾಳೋದು ಅಂದ್ರೆ ಸ್ಮೋಕ್ ಅಲಾರಂ ಜೊತೆ ಬಾಳಿದ ಹಾಗೆ. ಬೆಂಕಿ ಬೀಳ್ದೆ ಇದ್ರೂ ಬ್ಯಾಟರಿ ಹೋಯ್ತು ಅಂತ ಕಿರುಚ್ತಾ ಇರುತ್ತೆ,” ಅಂದಳು. ಅವಳು ಹೋದ ಮೇಲೆ ಏಣಿ ಹಾಕಿಕೊಂಡು ಅಲಾರಮ್ಮಿನ ಬ್ಯಾಟರಿ ಬದಲಿಸಿದೆ.

ಅಪ್ಪ ತೀರಿಕೊಂಡ ಮೇಲೆ ಅಮ್ಮ ಈ ದೇಶಕ್ಕೆ ಬಂದಳು. ನಾವು ಮೂವರು ಮಕ್ಕಳು ಮೂರು ಮೂಲೆಯಲ್ಲಿದ್ದೇವೆ. ಅಣ್ಣ ಪರ್ತಿನ ಥಾರ್ನ್ಲಿಯಲ್ಲಿ, ನಾನು ಅಡಿಲೇಡಿನಲ್ಲಿ, ತಂಗಿ ಬ್ರಿಸ್ಬೇನಿನ ಹತ್ತಿರದ ನಾರ್ತ್ ಲೇಕ್ಸಿನಲ್ಲಿ. ಅಮ್ಮ ಸರದಿಯ ಮೇಲೆ ಒಬ್ಬೊಬ್ಬರ ಮನೆಯಲ್ಲಿ ಕೆಲವು ತಿಂಗಳು ಇರಬೇಕೆಂದು ಅಣ್ಣ ಏರ್ಪಾಡು ಮಾಡಿದ. “ನಾನೀಗ ಲೈಬ್ರರಿ ಪುಸ್ತಕ ಕಣೋ. ವಾಪಸ್ ಕೊಡೋ ತಾರೀಕಿನ ಮುದ್ರೆ ಮೊದ್ಲೇ ಒತ್ತಿರ್ತೀರಿ,” ಎನ್ನುತ್ತಿದ್ದಳು ಅಮ್ಮ. ಅವಳ ಕಣ್ಣಿನ ನಡುಭಾಗ ಸವೆದು ಹೋಗಿದೆ. ಯಾರ ಮುಖ ನೋಡಿದರೂ ಮುಖವಿರಬೇಕಾದಲ್ಲಿ ಒದ್ದೆ ಹತ್ತಿ ಒತ್ತಿದ ಹಾಗೆ ಕಾಣುತ್ತದಂತೆ. ಸುತ್ತಲಿನ ಕಿವಿ, ಕೂದಲು, ಅಂಗಿಯ ಅಂಚು ಮಾತ್ರ ಉಳಿದಿವೆ. ಇಂಗ್ಲಿಷ್ ಬಾರದು. ‘ಸಾರಿ’, ‘ಥ್ಯಾಂಕ್ಯು’, ‘ಸ್ಟುಪಿಡ್’ನಂಥ ಬಿಡಿ ಮಾತು ಗೊತ್ತು.

ಆ ಸಲ ಅವಳು ಬ್ರಿಸ್ಬೇನಿನ ಸರದಿ ಮುಗಿಸಿ ನನ್ನಲ್ಲಿಗೆ ಬಂದಿದ್ದಳು. ಮುಂದಿನದು ಪರ್ತ್. ಅಣ್ಣ ಟಿಕೆಟ್ ಕೂಡ ತೆಗೆದಾಗಿತ್ತು. ಅಷ್ಟರಲ್ಲಿ ನನಗೊಂದು ವಿಚಿತ್ರ ಕೆಲಸ ಬಂತು.

ಹಳೆಯ ಚಿತ್ರಗಳನ್ನು ಹುಡುಕಿ ತೋರಿಸುವ ಹವ್ಯಾಸದ ಸಣ್ಣ ಗುಂಪೊಂದು ಕಳಿಸಿದ ಎರಡು ರೀಲಿನ ಕಪ್ಪು ಬಿಳುಪು ಚಿತ್ರ ಅದು. ಸಿನಿಮಾಕ್ಕೆ ಆಗತಾನೆ ಬಾಯಿ ಬಂದ ಕಾಲದ್ದು. ದೆವ್ವದ ಚಿತ್ರ, ಆದರೆ ನಗಿಸುವುದಕ್ಕಾಗಿ ಮಾಡಿದ್ದು. ಒಂದು ಮನೆ, ಒಬ್ಬ ಗಂಡ, ಒಬ್ಬ ಹೆಂಡತಿ, ಒಬ್ಬ ಅಡುಗೆಯವ. ಮನೆ ಹೆಂಡತಿಗೆ ತವರಿನಿಂದ ಬಂದದ್ದು. ಗಂಡನಿಗೆ ಅದನ್ನು ಮಾರಬೇಕು, ಅವಳು ಒಪ್ಪುವುದಿಲ್ಲ. ಹೆದರಿಸಿ ಓಡಿಸೋಣವೆಂದು ಗಂಡ ಅಡುಗೆಯವನಿಗೆ ಹೇಳಿ ಗೋಡೆಯ ಹಿಂದಿನಿಂದ ತಟ್ಟಿಸುತ್ತಾನೆ. ಅವಳು ಬೆಚ್ಚಿ “ಅಲ್ಲಿ ಯಾರೋ ಇದ್ದಾರೆ” ಅಂದಾಗಲೆಲ್ಲ ಅವನದು ಒಂದೇ ಮಾತು: “ಅಲ್ಲೇನೂ ಇಲ್ಲ, ಡಿಯರ್.” ಹಾಗೆನ್ನುವಾಗ ಅವನ ಬೆನ್ನ ಹಿಂದಿನ ಬೀರುವಿನಿಂದ ಒಂದು ಬಿಳಿ ಕೈ ಹೊರಗೆ ಬಂದು ಅವನ ಟೋಪಿ ಎತ್ತಿ ಮತ್ತೆ ಇಡುತ್ತದೆ. ಯಾಕೆಂದರೆ ಆ ಮನೆಯಲ್ಲಿ ನಿಜವಾದ ದೆವ್ವವೂ ಒಂದಿದೆ, ತನ್ನ ಕೆಲಸವನ್ನು ಅಡುಗೆಯವನೊಬ್ಬ ಕಸಿದುಕೊಂಡನೆಂದು ಅದಕ್ಕೆ ಸಿಟ್ಟು. ಕೊನೆಗೆ ಗಂಡ ಕಾಲುಜಾರಿ ಹಿಟ್ಟಿನ ಡಬ್ಬಿಗೆ ಬೀಳುತ್ತಾನೆ. ಮೈಯೆಲ್ಲ ಬೆಳ್ಳಗಾಗಿ ಎದ್ದುಬಂದವನನ್ನು ಕಂಡು ದೆವ್ವವೇ ಕಿಟಕಿ ಹಾರಿ ಓಡುತ್ತದೆ. ಹೆಂಡತಿ ನಗುತ್ತಾಳೆ. ಮುಗಿಯಿತು.

ನನಗೆ ಇಷ್ಟವಾದದ್ದು ಬೇರೆಯೇ. ಆ ಕಾಲದಲ್ಲಿ ಮೈಕನ್ನು ಎಲ್ಲಾದರೂ ಬಚ್ಚಿಡಬೇಕಿತ್ತು. ಇಲ್ಲಿ ನಡುಮನೆಯ ಮೇಜಿನ ಮೇಲೊಂದು ಹೂದಾನಿ. ಮೈಕು ಅದರೊಳಗಿದೆಯೆಂದು ನನ್ನ ಅನುಮಾನ. ಜಗಳವಾಡುವವರೂ ಗುಟ್ಟು ಹೇಳುವವರೂ ಅದರ ಪಕ್ಕಕ್ಕೇ ಬಂದು ಬಾಯಿ ತೆರೆಯುತ್ತಾರೆ. ಹೆಂಡತಿ ರೇಗಿ ಬಾಗಿಲವರೆಗೆ ಹೋಗುತ್ತಾಳೆ, ಅಲ್ಲಿ ತುಟಿ ಬಿಗಿದು ನಿಲ್ಲುತ್ತಾಳೆ, ಮತ್ತೆ ಹೂದಾನಿಯ ಹತ್ತಿರಕ್ಕೆ ಬಂದು “ನಾನು ಹೊರಟೆ” ಎನ್ನುತ್ತಾಳೆ.

ಅಮ್ಮ ನನ್ನ ಪಕ್ಕದ ಕುರ್ಚಿಯಲ್ಲಿ ಬೆಳ್ಳುಳ್ಳಿ ಸುಲಿಯುತ್ತ ಕೂತಿರುತ್ತಿದ್ದಳು. ಅದು ಕಣ್ಣು ಬೇಡದ ಕೆಲಸ. ಒಂದು ಮಧ್ಯಾಹ್ನ ಹೆಡ್‌ಫೋನಿನಿಂದ ಸೋರಿದ ಸದ್ದು ಅವಳ ಕಿವಿಗೆ ಬಿತ್ತು.

“ಏನೋ ಅದು, ಎಣ್ಣೇಲಿ ಸಾಸಿವೆ ಸಿಡಿದ ಹಾಗೆ?”

“ಹಳೇ ಸಿನಿಮಾ ಅಮ್ಮ. ಆಗಿನ ಮೈಕು ಹಾಗೇನೆ.”

“ಅದನ್ನ ಕಿವಿಯಿಂದ ತೆಗಿ. ನಂಗೂ ಕೇಳ್ಲಿ.”

ಸ್ಪೀಕರಿಗೆ ಹಾಕಿ ಕಥೆಯನ್ನು ಕನ್ನಡದಲ್ಲಿ ಹೇಳತೊಡಗಿದೆ. ಅಮ್ಮನಿಗೆ ಅಡುಗೆಯವನ ಮೇಲೆ ಮೊದಲು ಸಿಟ್ಟು ಬಂತು. “ಇಡೀ ಹೊತ್ತು ಗೋಡೆ ತಟ್ಟಿದ್ರೆ ಅಡುಗೆ ಯಾರು ಮಾಡ್ತಾರಂತೆ?” ದೆವ್ವ ಟೋಪಿ ಎತ್ತಿದ್ದನ್ನು ವಿವರಿಸಿದಾಗ “ಪಾಪ, ಅದಕ್ಕೂ ಹೊತ್ತು ಹೋಗ್ಬೇಕಲ್ಲ,” ಅಂದಳು. ಹಿಟ್ಟಿನ ಡಬ್ಬಿಯ ಹೊತ್ತಿಗೆ ನಾನು ನಕ್ಕು ನಕ್ಕು ಹೇಳುತ್ತಿದ್ದೆ. ಅಮ್ಮ ನಗಲಿಲ್ಲ. ಬೆಳ್ಳುಳ್ಳಿ ಹಿಡಿದ ಕೈ ನಿಂತಿತ್ತು.

“ಇವಳು ಹೆದರ್ತಿರೋದು ಗೋಡೆ ಸದ್ದಿಗಲ್ಲ ಕಣೋ.”

“ಮತ್ತೆ?”

“ಆ ಡಿಯರ್‌ಗೆ. ಇನ್ನೊಂದ್ಸಲ ಹಾಕು. ಗೋಡೆ ಸದ್ದಾದಾಗ ಕಿರುಚ್ತಾಳೆ. ಅದು ಸರಿ, ಕಿರುಚ್ಲಿ. ಅವನು ಡಿಯರ್ ಅಂದ ಕೂಡ್ಲೆ ಉಸಿರು ಹಿಡೀತಾಳೆ. ಕೇಳು.”

ಹಿಂದಕ್ಕೆ ಹೋಗಿ ಕೇಳಿದೆ. ಇಷ್ಟು ದಿನ ಆ ಜಾಗದಲ್ಲಿ ನನಗೆ ಕೇಳಿಸಿದ್ದು ಬರೀ ಸಾಸಿವೆ ಸಿಡಿತ. ಸದ್ದಿನ ಏರಿಳಿತವನ್ನು ತೋರಿಸುವ ಗೆರೆಯನ್ನು ಹಿಗ್ಗಿಸಿ ನೋಡಿದೆ. ಉಳಿದ ಕಡೆ ಮಾತಿನ ನಡುವೆ ಅವಳ ಉಸಿರು ಸಣ್ಣ ಅಲೆಯಾಗಿ ಕಾಣುತ್ತಿತ್ತು. ಡಿಯರ್ ಎಂಬುದರ ಹಿಂದೆ ಅಲೆಯಿಲ್ಲ. ಪ್ರತಿ ಸಲವೂ ಇಲ್ಲ. ಆ ನಟಿ ಬೇಕೆಂದೇ ಮಾಡಿದಳೋ, ಅಥವಾ ಹೂದಾನಿಗೆ ಕೇಳಿಸಬಾರದೆಂದು ನಿರ್ದೇಶಕ ಹೇಳಿದ್ದನೋ, ಯಾರಿಗೆ ಗೊತ್ತು.

“ಸಿನಿಮಾ ಅಮ್ಮ ಇದು. ತಮಾಷೆ ಸಿನಿಮಾ.”

“ಅದೇ ಹೇಳ್ತಿರೋದು. ನಿನ್ನ ತಂಗಿ ಮನೇಲೂ ಎಲ್ಲ ತಮಾಷೇನೇ,” ಎಂದು ಅಮ್ಮ ಮತ್ತೊಂದು ಎಸಳು ತೆಗೆದುಕೊಂಡಳು. “ಅವಳೂ ಹೀಗೇ ಉಸಿರು ಹಿಡೀತಾಳೆ.”

ಇಲ್ಲಿ ನಮ್ಮವರ ಮನೆಗಳಲ್ಲಿನ ಒಂದು ಮರ್ಯಾದೆಯ ವಿಷಯ ಹೇಳಬೇಕು. ಊರಿನಿಂದ ಅಪ್ಪ ಅಮ್ಮ ಬಂದಿರುವಾಗ ಗಂಡ ಹೆಂಡಿರು ಕನ್ನಡದಲ್ಲಿ ಜಗಳವಾಡುವುದಿಲ್ಲ. ಇಂಗ್ಲಿಷಿಗೆ ಹೋಗುತ್ತಾರೆ. ಮನೆಯೆಲ್ಲ ತೆರೆದ ನಡುಮನೆ, ತೆರೆದ ಅಡುಗೆಮನೆ. ಬಾಗಿಲು ಹಾಕಿಕೊಂಡರೆ ಹಿರಿಯರು ಏನೋ ಆಯಿತೆಂದು ಗಾಬರಿಯಾಗುತ್ತಾರೆ. ಹಾಗಾಗಿ ನಾವು ಭಾಷೆಯನ್ನೇ ಬಾಗಿಲಿನ ಹಾಗೆ ಮುಚ್ಚಿಕೊಳ್ಳುತ್ತೇವೆ. ದನಿ ಏರಿಸದೆ, ಮುಖ ಸಿಂಡರಿಸದೆ, ಹುಳಿಗೆ ಉಪ್ಪು ಸಾಲದು ಎನ್ನುವ ಹದದಲ್ಲಿ ಏನು ಬೇಕಾದರೂ ಅನ್ನಬಹುದು. ನನ್ನ ಮದುವೆ ಮುಗಿದದ್ದೂ ಹಾಗೆಯೇ. ಅಮ್ಮ ಎದುರಿಗೆ ಕೂತು ಕಾಫಿ ಆರಿಸಿಕೊಳ್ಳುತ್ತಿದ್ದಾಗ ನಾವಿಬ್ಬರೂ ವಕೀಲರ ವಿಷಯ ಇತ್ಯರ್ಥ ಮಾಡಿಕೊಂಡಿದ್ದೆವು. ಅಮ್ಮ ನಡುವೆ “ಡಿಕಾಕ್ಷನ್ ಚೆನ್ನಾಗಿ ಇಳಿದಿದೆ” ಅಂದಿದ್ದಳು.

“ಹಾಗಾದ್ರೆ ನಮ್ಮದೂ ನಿಂಗೆ ಗೊತ್ತಾಗಿತ್ತಾ?”

“ಗೊತ್ತಾಗ್ದೆ ಏನು? ನೀವಿಬ್ರೂ ಸಾಕಾಗಿ ಜಗಳ ಆಡ್ತಿದ್ರಿ. ಅದು ಬೇರೆ. ಆ ಹುಡುಗಿಗೆ ನಿನ್ನ ಕಂಡ್ರೆ ಬೇಜಾರಿತ್ತು, ಭಯ ಇರ್ಲಿಲ್ಲ.”

ನನ್ನನ್ನು ಕಂಡರೆ ಯಾರಿಗೂ ಭಯವಿಲ್ಲ. ಬೀದಿಯ ಬೆಕ್ಕು ಕೂಡ ದಾರಿ ಬಿಡುವುದಿಲ್ಲ. ಅದೂ ಒಂದು ಯೋಗ್ಯತೆಯೆಂದು ಆವತ್ತು ಮೊದಲ ಸಲ ಅನ್ನಿಸಿತು.

ತಂಗಿಯ ಗಂಡ ಎಂದರೆ ಎಲ್ಲರಿಗೂ ಬೇಕಾದವನು. ಕನ್ನಡ ಸಂಘದ ಕಾರ್ಯಕ್ರಮಗಳಲ್ಲಿ ಮಿಮಿಕ್ರಿ ಮಾಡುತ್ತಾನೆ. ಪಾರ್ಕಿನಲ್ಲಿ ಬಾರ್ಬಿ, ಅಂದರೆ ಬಾರ್ಬೆಕ್ಯೂ, ಇಟ್ಟುಕೊಂಡರೆ ಏಪ್ರನ್ ಕಟ್ಟಿ ಇಕ್ಕಳ ಹಿಡಿದು ನಿಲ್ಲುವವನು ಅವನೇ. ಅವನು ಮಾತಾಡಿದರೆ ಹೆಂಗಸರು ಸೆರಗಿನಲ್ಲಿ ಕಣ್ಣೊರೆಸಿಕೊಂಡು ನಗುತ್ತಾರೆ. ಅವನ ತಮಾಷೆಗಳಲ್ಲಿ ಅರ್ಧ ತಂಗಿಯ ಮೇಲೆ: ಅವಳ ಅಡುಗೆ, ಅವಳ ಡ್ರೈವಿಂಗು, ಅವಳ ಮರೆವು. ನಾನೂ ಎಷ್ಟೋ ಸಲ ನಕ್ಕಿದ್ದೇನೆ. ಅವಳೂ ನಗುತ್ತಿದ್ದಳೆಂದೇ ನನ್ನ ನೆನಪು. ಈಗ ಆ ನೆನಪನ್ನು ನಂಬಬೇಕೋ ಬೇಡವೋ ತಿಳಿಯಲಿಲ್ಲ.

“ಪರ್ತ್ ಬೇಡ,” ಅಂದಳು ಅಮ್ಮ. “ಬ್ರಿಸ್ಬೇನಿಗೇ ವಾಪಸ್ ಕಳ್ಸು.”

“ಅವಳನ್ನೇ ಇಲ್ಲಿಗೆ ಕರೆಸೋಣ ಬಿಡು.”

“ಕರೆದ್ರೆ ಬರ್ತಾಳಾ? ನಾನಲ್ಲಿದ್ರೆ ಎಲ್ಲ ಇಂಗ್ಲಿಷಲ್ಲಿ ನಡಿಯುತ್ತೆ. ನಾನಿಲ್ದಿದ್ರೆ ಬಾಯಲ್ಲೇ ನಿಲ್ಲುತ್ತೋ, ಕೈಗೆ ಬರುತ್ತೋ, ಯಾರಿಗೆ ಗೊತ್ತು?”

ಅಣ್ಣನಿಗೆ ಫೋನ್ ಮಾಡಿದೆ. ಪರ್ತಿನ ಗಡಿಯಾರ ನಮಗಿಂತ ಹಿಂದೆ, ಅವನು ಆಫೀಸಿನಲ್ಲಿದ್ದ.

“ಏನಪ್ಪಾ, ಗ್ಯಾಸ್ ಆಫ್ ಮಾಡಿದೀಯಾ?” ಅದು ಅವನ ಹಲೋ.

ವಿಷಯ ಹೇಳಿದೆ. “ಯಾವ್ದೋ ಓಬೀರಾಯನ ಕಾಲದ ಸಿನಿಮಾ ಕೇಳಿಸಿ ಅಮ್ಮನ ತಲೆ ಕೆಡ್ಸಿದೀಯ,” ಅಂದ. “ಅವಳಿಗೆ ಕಣ್ಣು ಕಾಣಲ್ಲ, ಇಂಗ್ಲಿಷ್ ಬರಲ್ಲ. ಏನ್ ನೋಡಿದ್ಲಂತೆ, ಏನ್ ಕೇಳಿದ್ಲಂತೆ?”

“ಒಂದ್ಸಲ ನೀನೇ ತಂಗಿ ಹತ್ರ ಮಾತಾಡಿ ನೋಡಣ್ಣ.”

“ಮಾತಾಡ್ತಾನೇ ಇರ್ತೀನಿ. ಚೆನ್ನಾಗೇ ಇದಾಳೆ. ನೋಡು, ನಿಂದೇ ನೆಟ್ಟಗೆ ನಿಲ್ಲಲಿಲ್ಲ. ಇನ್ನೊಬ್ಬರ ಸಂಸಾರಕ್ಕೆ ಕ್ಯಾಪ್ಷನ್ ಬರೆಯೋಕೆ ಹೋಗ್ಬೇಡ.”

ಮಾತಿನಲ್ಲಿ ಹುರುಳಿತ್ತು. ನಾನು ಸುಳ್ಳು ಅಲಾರಮ್ಮಿಗೆ ಹೆಸರಾದವನು. ಅವನ ಮಗಳ ಜ್ವರವನ್ನು ಮೆದುಳುಜ್ವರವೆಂದೂ, ನನ್ನ ಅಜೀರ್ಣವನ್ನು ಹೃದಯಾಘಾತವೆಂದೂ ಸಾರಿದ ದಾಖಲೆ ನನ್ನ ಹೆಸರಿನಲ್ಲಿದೆ. ಈ ಸಲವೂ ಬ್ಯಾಟರಿಯದೇ ಇರಬಹುದು ಎಂದುಕೊಂಡು ಭಾನುವಾರ ತಂಗಿಗೆ ಫೋನ್ ಮಾಡಿದೆ.

“ಚೆನ್ನಾಗಿದೀನಣ್ಣ. ಅಮ್ಮನ ಕಣ್ಣಿನ ಡ್ರಾಪ್ಸ್ ಹಾಕ್ತಿದೀಯ ತಾನೆ?”

ಹಿಂದಿನಿಂದ ಅವನ ದನಿ: “ಯಾರು, ಚಿಂತಾಮಣಿನಾ? ಸ್ಪೀಕರ್‌ಗೆ ಹಾಕು. ಭಾವ, ನಮಸ್ಕಾರ! ಗಟರ್ ಕ್ಲೀನ್ ಆಗಿದೆ, ಸ್ಮೋಕ್ ಅಲಾರಂ ಕೆಲ್ಸ ಮಾಡ್ತಿದೆ, ನಿಮ್ಮ ತಂಗಿ ಮಾತ್ರ ಆಗಾಗ ರಿಪೇರಿಗೆ ಬರ್ತಾಳೆ. ಅಲ್ವಾ ಡಿಯರ್?”

ನಾನು ನಕ್ಕೆ. ಅಭ್ಯಾಸ. ನಗುತ್ತಲೇ ಕಿವಿಗೊಟ್ಟೆ. ಫ್ಯಾನಿನ ಸದ್ದು, ತಟ್ಟೆಯ ಸದ್ದು, ದೂರದ ಹುಲ್ಲು ಕತ್ತರಿಸುವ ಯಂತ್ರದ ಸದ್ದು. ಫೋನು ಹಿಡಿದವಳ ಕಡೆಯಿಂದ ಏನೂ ಇಲ್ಲ. ಬಹಳ ಹೊತ್ತಿನ ಮೇಲೆ “ಹೂಂ” ಎಂದಳು.

ಆ ವಾರ ಚಿತ್ರದ ಕೆಲಸ ಮುಗಿಸಿ ಕಳಿಸಿದೆ. ಡಿಯರ್ ಬಂದ ಕಡೆಯಲ್ಲೆಲ್ಲ ‘ಹೆಂಗಸು ಉಸಿರು ಬಿಗಿಹಿಡಿಯುತ್ತಾಳೆ’ ಎಂದು ಬರೆದಿದ್ದೆ. ಅವರು ಅವನ್ನೆಲ್ಲ ತೆಗೆದುಹಾಕಿ ಮರಳಿಸಿದರು. ಅಂಥ ಸದ್ದೇನೂ ಕೇಳಿಸುತ್ತಿಲ್ಲ, ಜೊತೆಗೆ ಹಾಸ್ಯ ಚಿತ್ರದ ಹದ ಕೆಡುತ್ತದೆ ಎಂದು ವಿನಯವಾಗಿ ತಿಳಿಸಿದ್ದರು. ಅವರ ಮಾತೂ ಸರಿಯೇ. ಇಲ್ಲದ ಸದ್ದಿಗೆ ಹೆಸರಿಡುವುದು ನಮ್ಮ ನಿಯಮದಲ್ಲಿಲ್ಲ.

ಅಮ್ಮನನ್ನು ಕರೆದುಕೊಂಡು ನಾನೇ ಬ್ರಿಸ್ಬೇನಿಗೆ ಹೋದೆ. ಅಣ್ಣ ಪರ್ತಿನ ಟಿಕೆಟ್ಟನ್ನು ಮುಂದೂಡಿ, ಮೂರು ದಿನ ಫೋನಿನಲ್ಲಿ ಗುರ್ರೆಂದ. ನಾರ್ತ್ ಲೇಕ್ಸಿನಲ್ಲಿ ಮನೆಗಳೆಲ್ಲ ಒಂದೇ ಅಚ್ಚಿನವು. ಒಂದೇ ಬೂದು ಬಣ್ಣದ ಗ್ಯಾರೇಜ್ ಬಾಗಿಲು, ಅಂಗಳಕ್ಕೆ ಒಂದೇ ಜಾತಿಯ ಹುಲ್ಲು. ಪ್ರತಿ ಸಲವೂ ನಾನು ಪಕ್ಕದ ಮನೆಯ ಬೆಲ್ ಒತ್ತುತ್ತೇನೆ. ತಂಗಿ ಬಾಗಿಲು ತೆಗೆದವಳು “ಎಷ್ಟು ದಿನ ಇರ್ತೀರಿ?” ಎಂದು ಮೊದಲು ಕೇಳಿದಳು. ಆಮೇಲೆ “ಬಾ ಅಮ್ಮ” ಅಂದಳು.

ಅವಳ ಗಂಡ ನಮ್ಮನ್ನು ಚೆನ್ನಾಗಿಯೇ ಬರಮಾಡಿಕೊಂಡ. ಅಮ್ಮನ ಕಾಲಿಗೆ ನಮಸ್ಕರಿಸಿದ. ಅವಳಿಗೆಂದು ಹಿತ್ತಲಿನಲ್ಲಿ ಬಾರ್ಬಿಯ ಮೇಲೆ ಪನೀರು, ಜೋಳ ಸುಟ್ಟ. ಸಂಘದ ಅಧ್ಯಕ್ಷರು ಭಾಷಣ ಮಾಡುವ ರೀತಿಯನ್ನು ಅನುಕರಿಸಿ ತೋರಿಸಿದ. ಅಮ್ಮನೇ ಮೊದಲು ನಕ್ಕಳು. ನನಗೆ ಒಳಗೊಳಗೇ ಸಮಾಧಾನವಾಯಿತು. ಅಮ್ಮ ನಕ್ಕಳೆಂದರೆ ಏನೂ ಇರಲಿಕ್ಕಿಲ್ಲ. ಅಣ್ಣನ ಮಾತೇ ಸರಿ. ವಿಮಾನದ ಖರ್ಚು ದಂಡ, ಅಷ್ಟೆ.

ತಿಂದಾದ ಮೇಲೆ ಅವರು ಮೂವರೂ ಒಳಗೆ ಹೋದರು. ಬಾರ್ಬಿಯ ಗ್ಯಾಸ್ ಬಾಟಲಿನ ವಾಲ್ವ್ ಸರಿಯಾಗಿ ಮುಚ್ಚಿದೆಯೋ ಇಲ್ಲವೋ ಎಂಬ ಯೋಚನೆಗೆ ಬಿದ್ದು ನಾನು ಹಿಂದೆ ಉಳಿದೆ. ಮುಚ್ಚಿತ್ತು. ಇನ್ನಷ್ಟು ಬಿಗಿ ಮಾಡಿದೆ. ಬಿಗಿ ಹೆಚ್ಚಾಯಿತೇನೋ ಎಂದು ಸಡಿಲಿಸಿ, ಮತ್ತೆ ಬಿಗಿ ಮಾಡಿದೆ. ಆಮೇಲೆ ಜಾರುಬಾಗಿಲ ಬಳಿ ಬಂದು ನಿಂತೆ. ಸೊಳ್ಳೆಪರದೆಯ ಆಚೆ ಅಡುಗೆಮನೆ. ತಂಗಿ ಪಾತ್ರೆ ತೊಳೆಯುತ್ತಿದ್ದಳು. ಅವನು ಪಕ್ಕದಲ್ಲಿ ನಿಂತು ಒಂದೊಂದಾಗಿ ಒರೆಸುತ್ತಿದ್ದ. ಅಮ್ಮ ಎತ್ತರದ ಸ್ಟೂಲಿನ ಮೇಲೆ, ಇಬ್ಬರಿಗೂ ಒಂದು ತೋಳಿನಷ್ಟು ದೂರದಲ್ಲಿ ಕೂತಿದ್ದಳು.

ಅವನು ಇಂಗ್ಲಿಷಿನಲ್ಲಿ ಮಾತಾಡುತ್ತಿದ್ದ. ಹವಾಮಾನ ಹೇಳುವ ದನಿ, ತುಟಿಯ ಮೇಲೆ ನಗು. ಆ ಮಾತುಗಳಿಗೂ ಆ ದನಿಗೂ ಸಂಬಂಧವೇ ಇರಲಿಲ್ಲ. ಯಾರದೋ ಬಾಯಿಗೆ ಇನ್ಯಾರದೋ ಮಾತು ಡಬ್ ಮಾಡಿದ ಹಾಗಿತ್ತು. ಕೊನೆಗೆ ಡಿಯರ್ ಅಂದ. ತಂಗಿಯ ಕೈ ನೊರೆಯೊಳಗೆ ನಿಂತಿತು.

“ಅಳಿಯಂದ್ರೆ,” ಅಂದಳು ಅಮ್ಮ. “ಅದನ್ನ ಕನ್ನಡದಲ್ಲಿ ಹೇಳಿ.”

“ಯಾವ್ದು ಅತ್ತೆ?”

“ಈಗ ಅವಳಿಗೆ ಹೇಳಿದ್ರಲ್ಲ, ಅದು.”

“ಏನಿಲ್ಲ ಅತ್ತೆ, ಸುಮ್ನೆ ಮನೆ ವಿಷ್ಯ.”

“ಏನಿಲ್ಲ ಅನ್ನೋದು ಅಷ್ಟುದ್ದ ಇತ್ತಾ? ನಾನೂ ಮನೆಯವಳೇ ಅಲ್ವೇ. ಹೇಳಿ, ಕೇಳೋಣ.”

ಅವನು ಬಾಯಿ ತೆರೆದ. ಮಿಮಿಕ್ರಿ ಮಾಡುವವನು, ಎಂಥ ಮಾತನ್ನೂ ಎಂಥ ದನಿಯಲ್ಲೂ ಆಡಬಲ್ಲವನು. ಆ ಮಾತುಗಳನ್ನು ಕನ್ನಡದಲ್ಲಿ, ಹೆಣ್ಣು ಕೊಟ್ಟ ಅತ್ತೆಯ ಮುಖದೆದುರು ಹೇಳಲು ಅವನಿಂದ ಆಗಲಿಲ್ಲ. ಟವೆಲ್ಲನ್ನು ಮಡಿಸಿದ, ಬಿಡಿಸಿದ, ಮತ್ತೆ ಮಡಿಸಿದ.

ಆಗ ತಂಗಿ ತಿರುಗದೆ, ಸಿಂಕನ್ನೇ ನೋಡುತ್ತ ಮಾತಾಡಿದಳು. ಬ್ಯಾಂಕಿನಲ್ಲಿ ಅರ್ಜಿ ಓದಿ ಹೇಳುವವರ ದನಿ.

“‘ಇವರನ್ನೆಲ್ಲ ಯಾಕೆ ಕರೆಸ್ಕೊಂಡೆ, ಸಾಕ್ಷಿಗಾ?’ ಅಂದ್ರು ಅಮ್ಮ. ‘ಕುರುಡಿ ಒಬ್ಳು, ಪುಕ್ಕಲ ಒಬ್ಬ, ಒಳ್ಳೆ ಸಾಕ್ಷಿಗಳು’ ಅಂದ್ರು. ‘ಇವರು ಹೋದ್ಮೇಲೆ ನೀನು ಇದೇ ಮನೇಲಿ ಇರ್ಬೇಕು, ನೆನಪಿರ್ಲಿ. ಹೋದ್ಸಲದ್ದು ಏನೂ ಅಲ್ಲ’ ಅಂದ್ರು.”

ಬೈಗುಳವನ್ನು ಒಪ್ಪಿಸುವಾಗಲೂ ಗಂಡನಿಗೆ ಬಹುವಚನ ಬಿಟ್ಟಿರಲಿಲ್ಲ ಅವಳು.

“ಹೋದ್ಸಲ ಏನಾಯ್ತು?” ಅಮ್ಮ ಕೇಳಿದಳು.

ತಂಗಿ ಎಡಗೈಯನ್ನು ನೊರೆಯಿಂದ ತೆಗೆದು ಅಮ್ಮನ ಕೈಗೆ ಕೊಟ್ಟಳು. ಅಮ್ಮ ಬೆಳ್ಳುಳ್ಳಿ ಎಸಳು ತಡವುವ ಹಾಗೆ ಒಂದೊಂದೇ ಬೆರಳನ್ನು ತಡವಿದಳು. ಕಿರುಬೆರಳಿನ ಬಳಿ ನಿಂತಳು. ಅದು ಸೊಟ್ಟಗೆ ಕೂಡಿಕೊಂಡಿತ್ತು.

ಅವನು ನಕ್ಕುಬಿಟ್ಟ. “ಅತ್ತೆ, ಇವಳು ಓವರ್ ಆಕ್ಟಿಂಗ್ ಮಾಡ್ತಿದಾಳೆ. ಕಾರ್ ಡೋರ್‌ಗೆ ಸಿಕ್ಕಿದ್ದು ಅದು.” ಆಮೇಲೆ ಸೊಳ್ಳೆಪರದೆಯ ಹಿಂದೆ ನನ್ನನ್ನು ಕಂಡ. “ಓ, ಭಾವ! ಅಲ್ಲೇ ಇದ್ರಾ? ಒಳ್ಳೇದಾಯ್ತು. ನೀವೇ ಹೇಳಿ, ತಮಾಷೆಗೆ ಅಂದಿದ್ದು ತಾನೆ?”

ಮೂವರೂ ನನ್ನ ಕಡೆ ತಿರುಗಿದರು. ತಂಗಿ ಮೊದಲ ಸಲ ನನ್ನ ಮುಖ ನೋಡಿದಳು. ಅವಳು ಅನುವಾದಿಸಿದ್ದು ನಿಜವೋ ಅಲ್ಲವೋ ಎಂದು ಹೇಳಬಲ್ಲವನು ಆ ಮನೆಯಲ್ಲಿ ನಾನೊಬ್ಬನೇ. ಇಡೀ ಆಯುಷ್ಯ ಬೀಳದ ಬೆಂಕಿಗೆ ಕೂಗಿಕೊಂಡವನು, ಎದುರಿಗೇ ಉರಿಯುತ್ತಿರುವಾಗ ಸೊಳ್ಳೆಪರದೆಯ ಚಿಲಕ ತಡಕಾಡಿದೆ. ಈಗ ತಮಾಷೆ ಅಂದರೆ ಎಲ್ಲರೂ ಐಸ್‌ಕ್ರೀಮ್ ತಿಂದು ಮಲಗಬಹುದಿತ್ತು.

“ಅವಳು ಸರಿಯಾಗೇ ಹೇಳಿದಾಳೆ,” ಅಂದೆ. ದನಿ ಕೀರಲಾಗಿತ್ತು. “ಒಂದು ಮಾತು ಬಿಟ್ಟಿದಾಳೆ. ಕುರುಡಿ ಅನ್ನೋಕೆ ಮುಂಚೆ ಇನ್ನೊಂದು ಪದ ಇತ್ತು. ಅದನ್ನ ಅಮ್ಮಂಗೆ ಹೇಳ್ಬಾರ್ದು ಅಂತ ಬಿಟ್ಟಿದಾಳೆ.”

ಅವನು ಟವೆಲ್ ಇಟ್ಟ. ಹಾಲು ಮುಗಿದಿದೆ, ಪೆಟ್ರೋಲ್ ಬಂಕಿನ ಸರ್ವೋಗೆ ಹೋಗಿ ತರ್ತೀನಿ ಎಂದು ಕಾರಿನ ಕೀಲಿ ತೆಗೆದುಕೊಂಡು ಹೋದ. ಫ್ರಿಜ್ಜಿನಲ್ಲಿ ಹಾಲಿತ್ತು.

ಗ್ಯಾರೇಜ್ ಬಾಗಿಲು ಮುಚ್ಚಿತು. ಆಮೇಲೆ ತಂಗಿ ಬಾಡಿಗೆ ಕಾರು ಕರೆದಳು. ಏನು ತೆಗೆದುಕೊಳ್ಳಬೇಕೆಂದು ಅವಳಿಗೆ ತೋಚಲಿಲ್ಲ. ಪಾಸ್‌ಪೋರ್ಟ್ ಮರೆತಳು, ಕೆಲಸದ ಲ್ಯಾಪ್‌ಟಾಪ್ ಮರೆತಳು. ಫ್ರಿಜ್ಜಿನಿಂದ ಅಮ್ಮನ ಕಣ್ಣಿನ ಡ್ರಾಪ್ಸ್ ಮಾತ್ರ ಮರೆಯದೆ ತಂದು ನನ್ನ ಜೇಬಿಗೆ ಹಾಕಿದಳು. ಹವಾಯಿ ಚಪ್ಪಲಿಯಲ್ಲೇ ವಿಮಾನ ಹತ್ತಿದಳು.

ಇಷ್ಟಾದ ಮೇಲೆ ಎಲ್ಲ ಸರಿಹೋಯಿತೆಂದು ಬರೆಯಲು ನನಗೂ ಆಸೆ. ಪ್ರಾಸ್ಪೆಕ್ಟಿನ ಮನೆಯಲ್ಲಿ ನಾವು ಮೂವರಾದೆವು. ತಂಗಿ ನನ್ನ ಕೋಣೆಯಲ್ಲಿ, ನಾನು ಹಾಲಿನ ಸೋಫಾದ ಮೇಲೆ. ಅವನು ದಿನಾ ಅಮ್ಮನಿಗೆ ಫೋನ್ ಮಾಡಿ ಅಚ್ಚ ಕನ್ನಡದಲ್ಲಿ, ಬಹಳ ವಿನಯದಿಂದ, ಎಲ್ಲ ಅಪ್ಪಿತಪ್ಪಿ ಆದದ್ದೆಂದು ಹೇಳುತ್ತಿದ್ದ. ಅಮ್ಮ ಪೂರ್ತಿ ಕೇಳಿಸಿಕೊಂಡು ಫೋನ್ ಇಡುತ್ತಿದ್ದಳು. ಅಣ್ಣ “ಒಂದ್ಸಲ ಎಲ್ರೂ ಕೂತು ಮಾತಾಡೋಣ” ಅಂದ. ಸಂಘದ ಆಂಟಿಯೊಬ್ಬರು ಫೋನ್ ಮಾಡಿ, “ಅಷ್ಟು ಜಾಲಿ ಮನುಷ್ಯ, ಹೇಗಮ್ಮಾ?” ಅಂದರು. ತಂಗಿ ಪೊಲೀಸರ ಬಳಿ, ವಕೀಲರ ಬಳಿ ಹೋಗಿಬಂದಳು. ಬಾಗಿಲು ತಟ್ಟಿದರೆ ಈಗಲೂ ಎರಡನೇ ಸಲಕ್ಕೆ ತೆಗೆಯುತ್ತಾಳೆ.

ನನಗೆ ತಿಳಿಯದೆ ತಂಗಿಯೊಳಗೆ ಇನ್ನೊಂದು ಬೇಯುತ್ತಿತ್ತು. ಒಂದು ದಿನ ಊಟದ ಹೊತ್ತಿಗೆ ತಂಗಿ ಕೇಳಿದಳು, “ಅಮ್ಮ, ನಿಂಗೆ ಯಾವತ್ತಿಂದ ಗೊತ್ತಿತ್ತು?”

ಅಮ್ಮ ಅನ್ನ ಕಲಸುತ್ತಿದ್ದಳು. “ಮೊದಲ್ನೇ ಸಲ ಅಲ್ಲಿದ್ದಾಗಿಂದ.”

“ಅಂದ್ರೆ ಎರಡು ಸರದಿ ಇದ್ದು ಬಂದೆ. ಪಕ್ಕದಲ್ಲೇ ಕೂತಿದ್ದೆ.”

“ಅರ್ಥ ಆಗದೆ ಇರೋಳ ಹಾಗಿರೋದು ಸುಲಭ ಇತ್ತು ಕಣೆ. ನಾನು ಒಂದು ಮಾತು ಅಂದಿದ್ರೆ ಏನಾದ್ರೂ ಮಾಡ್ಬೇಕಾಗ್ತಿತ್ತು. ಏನು ಮಾಡ್ಬೇಕು ಅಂತ ನಂಗೇನು ಗೊತ್ತು? ಸಂಬಂಧ ನೋಡಿದೋಳು ನಾನೇ.”

ತಂಗಿ ಎದ್ದಳು. ನಾರ್ತ್ ಲೇಕ್ಸಿನ ಮನೆಯಲ್ಲಿ ಅಷ್ಟು ವರ್ಷ ಏರಿಸದ ದನಿಯಲ್ಲಿ ಕೂಗಾಡಿದಳು. ನಾನು ಅದನ್ನಿಲ್ಲಿ ಬರೆಯುವುದಿಲ್ಲ. ಅದರ ಸಾರ ಇಷ್ಟೆ: ಬೆರಳು ಮುರಿದ ದಿನ ಅಮ್ಮ ಪಕ್ಕದ ಕೋಣೆಯಲ್ಲಿದ್ದಳು. ಅಮ್ಮ ಇಲ್ಲವೆನ್ನಲಿಲ್ಲ. ನಾನು ಇಬ್ಬರ ನಡುವೆ ಕೂತು ಮಜ್ಜಿಗೆಯ ಪಾತ್ರೆ ಬೀಳದ ಹಾಗೆ ಹಿಡಿದುಕೊಂಡಿದ್ದೆ. ಕಡೆಗೆ ತಂಗಿ ನನ್ನ ಕಡೆ ತಿರುಗಿ, “ಅಮ್ಮನ್ನ ಪರ್ತ್‌ಗೆ ಕಳ್ಸಣ್ಣ. ಸ್ವಲ್ಪ ದಿನ. ನಂಗೆ ಇವಳನ್ನ ನೋಡೋಕೆ ಆಗ್ತಿಲ್ಲ,” ಅಂದಳು.

ಮುಂದೂಡಿದ್ದ ಟಿಕೆಟ್ಟು ಉಪಯೋಗಕ್ಕೆ ಬಂತು. ತಂಗಿ ಏರ್‌ಪೋರ್ಟಿಗೆ ಬರಲಿಲ್ಲ. ಗಾಲಿಕುರ್ಚಿ ತಳ್ಳುವ ಹುಡುಗಿ ಬರುವವರೆಗೆ ನಾನು ಅಮ್ಮನ ಪಕ್ಕ ನಿಂತಿದ್ದೆ. ಏನಾದರೂ ಸಮಾಧಾನ ಹೇಳಬೇಕೆಂದು, “ಅವಳಿಗೆ ಕೋಪ, ಇಳಿಯುತ್ತೆ,” ಅಂದೆ.

“ಇಳೀದಿದ್ರೂ ಪರ್ವಾಗಿಲ್ಲ,” ಅಂದಳು ಅಮ್ಮ. “ಕೋಪ ಬಂತಲ್ಲ ಅವಳಿಗೆ. ಬರ್ಲಿ ಬಿಡು.” ಕುರ್ಚಿ ಹೊರಟಾಗ ನಾನಿದ್ದ ಕಡೆಗಲ್ಲ, ಸ್ವಲ್ಪ ಪಕ್ಕಕ್ಕೆ ಕೈ ಬೀಸಿದಳು. ಅಲ್ಲಿ ಯಾರೋ ಬೇರೆಯವರು ನಿಂತಿದ್ದರು. ಅವರು ಮುಜುಗರದಿಂದ ತಿರುಗಿ ಕೈ ಬೀಸಿದರು.

ಮನೆಗೆ ಬಂದಾಗ ತಂಗಿ ಬಟ್ಟೆ ಮಡಿಸುತ್ತಿದ್ದಳು.

“ಹೋದ್ಲಾ?”

“ಹೋದ್ಲು.”

ಅವಳು ಒಂದು ಟವೆಲ್ ಮಡಿಸಿದಳು. “ವೀಲ್‌ಚೇರ್‌ನವರು ಸರಿಯಾಗಿ ಬಂದ್ರಾ? ಸ್ವೆಟರ್ ಮೇಲೇ ಇಟ್ಟಿದ್ಯಾ? ವಿಮಾನದಲ್ಲಿ ಅವಳಿಗೆ ಚಳಿ.”

“ಇಟ್ಟಿದ್ದೆ.”

ಒಲೆಯ ಮೇಲೆ ಅನ್ನ ಆರುತ್ತಿತ್ತು. ಫೋನು ಮೇಜಿನ ಮೇಲಿತ್ತು. ಅಮ್ಮ ತಲುಪಿದಳೆಂದು ಪರ್ತಿನಿಂದ ಅಣ್ಣ ತಿಳಿಸುವವರೆಗೆ ನಾನೂ ಊಟಕ್ಕೆ ಕರೆಯಲಿಲ್ಲ, ಅವಳೂ ಏಳಲಿಲ್ಲ.